‘ಫಾಲ್ಕೋ 3’ ಎಲ್‌ಪಿ: ಯಾವ ಪ್ರತಿ ಕೊಳ್ಳಬೇಕು, ಕಲಬುರಗಿಯಲ್ಲಿ ಹೇಗೆ ಕಾಪಾಡಬೇಕು

ಹಳೆಯ ಪ್ಲೇಟು ಕೈಗೆ ಬಂದ ಕೂಡಲೇ ಎಲ್ಲರೂ ಸೂಜಿ ಇಡುವುದು ಮೊದಲ ಹಾಡಿನ ಮೇಲೆ. ಆಸ್ಟ್ರಿಯಾದ ಗಾಯಕ ಫಾಲ್ಕೋನ 1985ರ ಎಲ್‌ಪಿ ‘ಫಾಲ್ಕೋ 3’ ಕೊಳ್ಳುವವರು ಹಾಗೆ ಮಾಡಬಾರದು. ಒಂದನೇ ಬದಿಯ ಕೊನೆಯಲ್ಲಿ, ಲೇಬಲ್ಲಿಗೆ ಒತ್ತಿಕೊಂಡಿರುವ ಐದನೇ ಹಾಡು ‘ಜೀನಿ’ಯ ಮೇಲೆ ಸೂಜಿ ಇಳಿಸಿ. ಅಲ್ಲಿ ಗಾಯಕ ಹಾಡುವುದಕ್ಕಿಂತ ಪಿಸುಗುಟ್ಟುವುದೇ ಹೆಚ್ಚು. ಆ ಪಿಸುಮಾತಿನ ‘ಸ’, ‘ಶ’, ‘ತ್ಸ’ಗಳು ಹೊಸ ಬಟ್ಟೆ ಹರಿದಂತೆ ಛರ್ ಎಂದರೆ ಪ್ಲೇಟು ಸವೆದಿದೆ, ಇಲ್ಲವೇ ನಿಮ್ಮ ಸೂಜಿ ಸೊಟ್ಟಗಿದೆ. ಹಲ್ಲಿನ ಸಂದಿಯಿಂದ ಗಾಳಿ ಹೊರಬಿದ್ದಷ್ಟೇ ಮೆತ್ತಗೆ ಕೇಳಿದರೆ ಎರಡೂ ಸರಿ ಇವೆ ಎಂದರ್ಥ. ಉಳಿದ ಒಂಬತ್ತು ಹಾಡುಗಳ ಬಗ್ಗೆ ಚಿಂತೆ ಬೇಡ.

ಈ ಪರೀಕ್ಷೆಗೆ ಕಾರಣವಿದೆ. ಆಸ್ಟ್ರಿಯಾದ ಈ ಗಾಯಕನ ಜೀವ ಇರುವುದು ಸ್ವರಗಳಲ್ಲಲ್ಲ, ವ್ಯಂಜನಗಳಲ್ಲಿ. ನಮ್ಮ ಕಡೆಯ ಕಿವಿ ರಾಗ ಎಳೆಯುವ ಗಾಯನಕ್ಕೆ ಒಗ್ಗಿದ್ದು, ಅಲ್ಲಿ ಸೊಗಸೆಲ್ಲ ‘ಆ’ಕಾರದಲ್ಲಿರುತ್ತದೆ. ಫಾಲ್ಕೋ ಅದಕ್ಕೆ ತದ್ವಿರುದ್ಧ. ಒತ್ತಕ್ಷರಗಳನ್ನು ತಬಲಾದ ಬೋಲುಗಳಂತೆ ಕಚ್ಚಿ, ಊಷ್ಮಗಳನ್ನು, ಎಂದರೆ ‘ಸ’, ‘ಶ’ದಂಥ ಉಸಿರಿನ ಅಕ್ಷರಗಳನ್ನು, ಝಾಂಜಿನಂತೆ ಉಜ್ಜಿ, ಮಾತನ್ನೇ ತಾಳವಾದ್ಯ ಮಾಡುತ್ತಾನೆ. ಎಲ್‌ಪಿಯಲ್ಲಿ ಎಲ್ಲಕ್ಕಿಂತ ಮೊದಲು ಹಾಳಾಗುವುದೂ ಊಷ್ಮಗಳೇ. ಆದ್ದರಿಂದ ಒಂದು ಸಿತಾರ್ ಪ್ಲೇಟಿನಲ್ಲಿ ಗಮನಕ್ಕೇ ಬಾರದ ಸಣ್ಣ ಸವೆತ ಇಲ್ಲಿ ಇಡೀ ಹಾಡನ್ನು ಕೆಡಿಸುತ್ತದೆ.

ಫಾಲ್ಕೋನ ಹುಟ್ಟು ಹೆಸರು ಯೋಹಾನ್ ಹೋಲ್ಜೆಲ್, ಕರೆಯುತ್ತಿದ್ದದ್ದು ಹಾನ್ಸ್ ಎಂದು. ಜನನ 1957ರ ಫೆಬ್ರವರಿ 19, ವಿಯೆನ್ನಾದ ಮಾರ್ಗರೆಟೆನ್ ಎಂಬ ದುಡಿಯುವವರ ಬಡಾವಣೆಯಲ್ಲಿ. ತಾಯಿಯ ಗರ್ಭದಲ್ಲಿದ್ದದ್ದು ಮೂವರು, ಉಳಿದದ್ದು ಆತನೊಬ್ಬನೇ. ತಾಯಿ ಲಾಂಡ್ರಿ ಅಂಗಡಿ ನೋಡಿಕೊಳ್ಳುತ್ತಿದ್ದರು. ತಂದೆ ಮನೆ ಬಿಟ್ಟಾಗ ಹುಡುಗ ಇನ್ನೂ ಶಾಲೆಯಲ್ಲಿದ್ದ. ಐದನೇ ವಯಸ್ಸಿನಲ್ಲಿ ಸಂಗೀತ ಅಕಾಡೆಮಿಯವರು ಪರೀಕ್ಷಿಸಿದಾಗ, ಶ್ರುತಿಪೆಟ್ಟಿಗೆಯ ಆಸರೆಯಿಲ್ಲದೆ ಬಾರಿಸಿದ ಸ್ವರವನ್ನು ಗುರುತಿಸುವ ಕಿವಿ ಅವನಿಗಿದೆ ಎಂಬುದು ಖಚಿತವಾಯಿತು. ಮುಂದೆ ವಿಯೆನ್ನಾದ ಕನ್ಸರ್ವೇಟರಿ ಎಂಬ ಸಂಗೀತ ಶಾಲೆಗೆ ಸೇರಿ ಒಂದೇ ಸೆಮಿಸ್ಟರ್‌ಗೆ ಬಿಟ್ಟ. ಕೈಗೆ ಹಿಡಿದದ್ದು ಬೇಸ್ ಗಿಟಾರ್. ಪೂರ್ವ ಜರ್ಮನಿಯ ಸ್ಕೀ ಜಿಗಿತಗಾರ ಫಾಲ್ಕೋ ವೈಸ್‌ಫ್ಲೋಗ್‌ನ ಹೆಸರಿನ ಮೊದಲ ತುಂಡು ಇಷ್ಟವಾಯಿತು, ಅದನ್ನೇ ವೇದಿಕೆಯ ಹೆಸರು ಮಾಡಿಕೊಂಡ.

ಬೇಸ್ ವಾದಕ ಎಂಬುದನ್ನು ಮರೆತರೆ ಈ ಗಾಯನ ಅರ್ಥವಾಗುವುದಿಲ್ಲ. ಹ್ಯಾಲ್ಯುಸಿನೇಷನ್ ಕಂಪನಿ, ಡ್ರಾಡಿವಾಬರ್ಲ್ ಮುಂತಾದ ವಿಯೆನ್ನಾ ತಂಡಗಳಲ್ಲಿ ಹಿಂದೆ ನಿಂತು ಬೇಸ್ ನುಡಿಸಿದವನಿಗೆ, ಡ್ರಮ್ಮಿನ ಯಾವ ಪೆಟ್ಟಿನ ಮೇಲೆ ಕೂರಬೇಕು, ಯಾವುದಕ್ಕೆ ಕೂದಲೆಳೆ ತಡವಾಗಿ ಬರಬೇಕು ಎಂಬುದು ಬೆರಳಲ್ಲೇ ಗೊತ್ತಿರುತ್ತದೆ. ಡ್ರಾಡಿವಾಬರ್ಲ್ ಜೊತೆ ಇದ್ದಾಗಲೇ ವಿಯೆನ್ನಾದ ಮಾದಕ ವ್ಯಸನದ ಬಗ್ಗೆ ಹಾಡಿದ ‘ಗಾಂತ್ಸ್ ವೀನ್’ ಜನರ ಬಾಯಿಗೆ ಬಂತು, ರೇಡಿಯೋ ಮಾತ್ರ ದೂರ ಇಟ್ಟಿತು. 1981ರ ಕೊನೆಗೆ ರಾಬರ್ಟ್ ಪೊಂಗರ್ ಸಂಯೋಜನೆಯ ‘ಡೆರ್ ಕೊಮಿಸಾರ್’ ಬಂತು. ಜರ್ಮನ್‌ನಲ್ಲಿ ರ‍್ಯಾಪ್ ಮಾಡಬಹುದು ಎಂದು ಯುರೋಪಿನ ಬಹುಪಾಲು ಜನಕ್ಕೆ ಮೊದಲು ಕೇಳಿಸಿದ್ದು ಆ ಹಾಡು. ಅದೇ ಹಾಡನ್ನು ಆಫ್ಟರ್ ದಿ ಫೈರ್ ಎಂಬ ಬ್ರಿಟಿಷ್ ತಂಡ ಇಂಗ್ಲಿಷಿಗೆ ತಿರುಗಿಸಿ 1983ರಲ್ಲಿ ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಐದನೇ ಸ್ಥಾನಕ್ಕೆ ಒಯ್ದಿತು. ಮೂಲ ಹಾಡಿದವನಿಗೆ ಅಲ್ಲಿ ಆಗಿನ್ನೂ ಹೆಸರಿರಲಿಲ್ಲ.

ಭಾಷೆ ಬರದವರು ಯಾಕೆ ಕೇಳಬೇಕು ಎಂಬ ಪ್ರಶ್ನೆ ಬರುತ್ತದೆ. ಕಲಬುರಗಿಯ ಕಿವಿಗೆ ಉತ್ತರ ಕಷ್ಟವಲ್ಲ. ಇಲ್ಲಿಯ ಸೂಪರ್ ಮಾರ್ಕೆಟ್ ಎಂಬ ಪೇಟೆಯಲ್ಲಿ ಒಂದು ಕಿಲೋ ಟೊಮೆಟೊ ಚೌಕಾಸಿ ಮಾಡುವಷ್ಟರಲ್ಲಿ ಕನ್ನಡ, ದಖನಿ ಉರ್ದು, ಮರಾಠಿ, ತೆಲುಗು ಒಂದೇ ವಾಕ್ಯದಲ್ಲಿ ಬಂದು ಹೋಗುತ್ತವೆ. ಯಾವ ಮಾತಿಗೆ ಯಾವ ಭಾಷೆ ಹೊಂದುತ್ತದೋ ಅದು ನಾಲಗೆಗೆ ಬರುತ್ತದೆ. ಫಾಲ್ಕೋ ಮಾಡುವುದೂ ಅದನ್ನೇ. ಬೀದಿಯ ವಿಯೆನ್ನಾ ಮಾತು, ಹಳೆಯ ಅರಮನೆ ಶೈಲಿಯ ಬಿಗಿ ಜರ್ಮನ್, ಇಂಗ್ಲಿಷ್, ನಡುವೆ ಒಂದೆರಡು ಇಟಾಲಿಯನ್ ಪದ. ಗತ್ತು ಬೇಕಾದಾಗ ಅರಮನೆ, ಚುಚ್ಚಬೇಕಾದಾಗ ಬೀದಿ. ಅರ್ಥ ತಿಳಿಯದಿದ್ದರೂ ಭಾಷೆ ಬದಲಾದ ಜಾಗ ಕೇಳಿಸುತ್ತದೆ, ಏಕೆಂದರೆ ಅಲ್ಲಿ ಲಯವೂ ಹೊರಳುತ್ತದೆ.

1982ರ ಆಲ್ಬಂ ‘ಐನ್ಸೆಲ್‌ಹಾಫ್ಟ್’ ಗೆದ್ದಿತು. 1984ರ ‘ಯುಂಗೆ ರೋಮರ್’ ತವರಲ್ಲಿ ನಿಂತರೂ ಹೊರಗೆ ನಿರೀಕ್ಷಿಸಿದಷ್ಟು ಓಡಲಿಲ್ಲ. ಆಗ ಪೊಂಗರ್ ಹೋಗಿ ಹಾಲೆಂಡಿನ ಅಣ್ಣತಮ್ಮಂದಿರಾದ ರಾಬ್ ಮತ್ತು ಫರ್ಡಿ ಬೊಲ್ಲಂಡ್ ಬಂದರು. 1985ರ ‘ಫಾಲ್ಕೋ 3’ ಅವರ ಕೈಕೆಲಸ. ಹಿಂದಿನ ವರ್ಷ ಬಂದಿದ್ದ ಮೊಜಾರ್ಟ್ ಕುರಿತ ಸಿನಿಮಾದ ಗುಂಗು ಎಲ್ಲೆಡೆ ಇತ್ತು. ಅದನ್ನು ಹಿಡಿದು, ಸಾಲ ಮಾಡಿ, ಕುಡಿದು, ವಿಯೆನ್ನಾವನ್ನು ಕುಣಿಸಿದ ಪುಂಡನಾಗಿ ಮೊಜಾರ್ಟ್‌ನನ್ನು ತೋರಿಸುವ ‘ರಾಕ್ ಮಿ ಅಮೆಡಿಯಸ್’ ಹೊಸೆದರು. 1986ರ ಮಾರ್ಚ್ 29ರಂದು ಅದು ಅಮೆರಿಕದ ಬಿಲ್‌ಬೋರ್ಡ್ ಪಟ್ಟಿಯ ತುದಿಗೇರಿ ಮೂರು ವಾರ ಅಲ್ಲೇ ಕುಳಿತಿತ್ತು. ಬ್ರಿಟನ್ನಿನಲ್ಲೂ ಒಂದನೇ ಸ್ಥಾನ. ಈ ಎಲ್‌ಪಿಯೂ ಅಮೆರಿಕದ ಆಲ್ಬಂ ಪಟ್ಟಿಯಲ್ಲಿ ಮೂರರವರೆಗೆ ಹೋಯಿತು. ಜರ್ಮನ್ ಹಾಡುವವನೊಬ್ಬ ಅಲ್ಲಿಗೆ ಮುಟ್ಟಿದ್ದು ಸಣ್ಣ ಮಾತಲ್ಲ.

ಆ ಒಂದು ಹಾಡೇ ಫಾಲ್ಕೋನಿಗೆ ಅನ್ಯಾಯವನ್ನೂ ಮಾಡಿತು. ಅದನ್ನು ಮಾತ್ರ ಕೇಳಿದವರು ವಿಗ್ಗು ಹಾಕಿಕೊಂಡು ಕುಣಿದವ ಎಂದಷ್ಟೇ ನೆನಪಿಟ್ಟುಕೊಂಡರು. ಪ್ಲೇಟು ಕೊಂಡರೆ ಆಗುವ ಲಾಭ ಇಲ್ಲೇ ಇದೆ: ಮೊದಲ ಹಾಡು ಮುಗಿದ ಮೇಲೂ ಸೂಜಿ ಮುಂದಕ್ಕೆ ಹೋಗುತ್ತದೆ.

‘ಅಮೆರಿಕಾ’ ಹಗುರ ಹಾಡು. ಎರಡೂವರೆ ನಿಮಿಷದ ‘ಟ್ಯಾಂಗೋ ದಿ ನೈಟ್’ ನೆನಪಲ್ಲಿ ಉಳಿಯುವಂಥದ್ದಲ್ಲ. ‘ಮ್ಯೂನಿಕ್ ಗರ್ಲ್ಸ್’ ಮೂಲತಃ ಅಮೆರಿಕದ ದಿ ಕಾರ್ಸ್ ತಂಡದ ಹಾಡು. ಇಲ್ಲಿ ಊರು ಬದಲಾಗಿದೆ, ಕಾವು ಕಡಿಮೆಯಾಗಿದೆ. ಆಮೇಲೆ ‘ಜೀನಿ’. ಕಾಣೆಯಾದ ಒಬ್ಬ ಹುಡುಗಿ, ಅವಳನ್ನು ಕರೆಯುತ್ತಿರುವ ಒಬ್ಬ ಗಂಡಸು. ಅವನು ಪ್ರೇಮಿಯೋ ಅಪಹರಣಕಾರನೋ ಎಂದು ಹಾಡು ಬಿಡಿಸಿ ಹೇಳುವುದಿಲ್ಲ. ನಡುವೆ ಸುದ್ದಿ ಓದುವ ದನಿ ಬರುತ್ತದೆ, ಓದಿದವರು ಜರ್ಮನ್ ಟಿವಿಯ ನಿಜವಾದ ವಾರ್ತಾವಾಚಕ ವಿಲ್‌ಹೆಲ್ಮ್ ವೀಬೆನ್. ಮಹಿಳಾ ಸಂಘಟನೆಗಳು ಪ್ರತಿಭಟಿಸಿದವು, ಹಲವು ರೇಡಿಯೋ ಕೇಂದ್ರಗಳು ಹಾಡು ಹಚ್ಚಲಿಲ್ಲ, ಆದರೂ ಜರ್ಮನಿ ಮತ್ತು ಆಸ್ಟ್ರಿಯಾಗಳಲ್ಲಿ ಒಂದನೇ ಸ್ಥಾನಕ್ಕೇರಿತು. ಪ್ರತಿಭಟಿಸಿದವರ ಅಂಜಿಕೆ ಸುಳ್ಳಲ್ಲ. ಆ ದನಿ ಕೇಳುವವರ ಮೈ ಜುಮ್ಮೆನ್ನಿಸಬೇಕೆಂದೇ ಕಟ್ಟಿದ್ದು. ಪಲ್ಲವಿಯಲ್ಲಿ ಕೂಗು, ನುಡಿಗಳಲ್ಲಿ ಪಿಸುಮಾತು. ಮಕ್ಕಳಿರುವ ಮನೆಯಲ್ಲಿ ಏನು ಹಚ್ಚುತ್ತಿದ್ದೇವೆ ಎಂಬ ಎಚ್ಚರ ಇರಲಿ.

ಎರಡನೇ ಬದಿ ‘ವಿಯೆನ್ನಾ ಕಾಲಿಂಗ್’ನಿಂದ ಶುರು. ನಮ್ಮ ಲೆಕ್ಕದಲ್ಲಿ ಇದು ‘ಅಮೆಡಿಯಸ್’ಗಿಂತ ಗಟ್ಟಿಯಾಗಿ ಕಟ್ಟಿದ ಹಾಡು. ತಾಳ ಬಿಡಿಬಿಡಿಯಾಗಿದೆ, ಬೇಸ್‌ಗೆ ಉಸಿರಾಡಲು ಜಾಗವಿದೆ, ಮಾತು ಆ ಜಾಗದಲ್ಲೇ ಕೂರುತ್ತದೆ. ‘ಮೆನರ್ ಡೆಸ್ ವೆಸ್ಟೆನ್ಸ್’ ಪರವಾಗಿಲ್ಲ. ‘ನಥಿಂಗ್ ಸ್ವೀಟರ್ ದ್ಯಾನ್ ಅರೇಬಿಯಾ’ ಪ್ರವಾಸಿ ಪೋಸ್ಟರಿನಂಥ ಪೂರ್ವದೇಶ ತೋರಿಸುತ್ತದೆ, ಬಂದೇನವಾಜ್ ದರ್ಗಾದ ಉರುಸಿನಲ್ಲಿ ಖವ್ವಾಲಿ ಕೇಳಿದ ಕಿವಿಗೆ ಪೇಲವ. ‘ಮಾಚೋ ಮಾಚೋ’ ಹುಡುಕುವಾಗ ಜೋಪಾನ: ಇದೇ ಹೆಸರಿನ, ಇದಕ್ಕಿಂತ ಹೆಚ್ಚು ಹೆಸರಾದ ಹಾಡು ಇನ್ನೊಬ್ಬ ಆಸ್ಟ್ರಿಯನ್ ರೈನ್‌ಹಾರ್ಡ್ ಫೆಂಡ್ರಿಷ್‌ನದು, ಆನ್‌ಲೈನ್‌ನಲ್ಲಿ ಎರಡೂ ಕಲಸಿ ಹೋಗಿರುತ್ತವೆ. ಕೊನೆಗೆ ಬಾಬ್ ಡಿಲನ್‌ನ ಹಾಡೊಂದನ್ನು ಎತ್ತಿಕೊಂಡು ನಿಧಾನವಾಗಿ ಬಾಗಿಲು ಹಾಕುತ್ತಾನೆ.

ಈಗ ಯಾವ ಪ್ರತಿ ಎಂಬ ಮಾತು. ಆಸ್ಟ್ರಿಯಾದಲ್ಲಿ ಗಿಗ್, ಜರ್ಮನಿಯಲ್ಲಿ ಟೆಲ್‌ಡೆಕ್, ಅಮೆರಿಕದಲ್ಲಿ ಎ ಅಂಡ್ ಎಂ ಈ ಎಲ್‌ಪಿಯನ್ನು ತಂದವು. ಯುರೋಪಿನ ಪ್ರತಿಯಲ್ಲಿ ‘ರಾಕ್ ಮಿ ಅಮೆಡಿಯಸ್’ ಮೂರು ನಿಮಿಷ ಚಿಲ್ಲರೆ, ಇಡೀ ಬದಿ ಸುಮಾರು 20 ನಿಮಿಷ. ಅಮೆರಿಕದ ಪ್ರತಿಯಲ್ಲಿ ಅದೇ ಹಾಡು ‘ಸಾಲಿಯೆರಿ ಮಿಕ್ಸ್’ ಎಂಬ ಹೆಸರಲ್ಲಿ ಎಂಟು ನಿಮಿಷ ದಾಟುತ್ತದೆ, ‘ವಿಯೆನ್ನಾ ಕಾಲಿಂಗ್’ ಕೂಡ ಏಳು ನಿಮಿಷದ ಮೇಲಿದೆ. ಮೊಜಾರ್ಟ್‌ನ ಹುಟ್ಟಿನಿಂದ ಇಸವಿಗಳನ್ನು ಓದುತ್ತ ಬಂದು 1985ಕ್ಕೆ ಫಾಲ್ಕೋನ ಹೆಸರು ಹೇಳುವ ದನಿ ಅಮೆರಿಕದವರಿಗಾಗಿ ಸೇರಿಸಿದ್ದು. ಬಹಳ ಜನಕ್ಕೆ ನೆನಪಿರುವುದು ಅದೇ.

ನಾವು ಯುರೋಪಿನ ಪ್ರತಿಯ ಪರ. ಹಾಡು ಉದ್ದವಾದರೆ ಅದೇ 12 ಇಂಚಿನ ಪ್ಲೇಟಿನಲ್ಲಿ ಗೆರೆಗಳು ಒತ್ತೊತ್ತಾಗಿ ಬರಬೇಕು. ಗೆರೆ ಒತ್ತಾದರೆ ಅದರ ಓಲಾಟ ಕಡಿಮೆ ಮಾಡಬೇಕು, ಎಂದರೆ ಕತ್ತರಿಸುವಾಗ ದನಿಯ ಮಟ್ಟ ಇಳಿಸಬೇಕು, ಮೊದಲು ಪೆಟ್ಟು ತಿನ್ನುವುದು ಬೇಸ್. 18ರಿಂದ 20 ನಿಮಿಷದ ಬದಿಗೆ ಆ ತೊಂದರೆ ಇಲ್ಲ. 25ಕ್ಕೆ ಹೋದರೆ ದನಿ ಸಣ್ಣದಾಗುತ್ತದೆ, ನೀವು ವಾಲ್ಯೂಮ್ ಏರಿಸುತ್ತೀರಿ, ಜೊತೆಗೆ ಗರಗರವೂ ಏರುತ್ತದೆ. ಮಾರುವವರು ಯಾವ ದೇಶದ ಪ್ರತಿ ಎಂದು ಹೇಳದಿದ್ದರೆ ಲೇಬಲ್ಲಿನ ಫೋಟೋ ಕೇಳಿ ಮೊದಲ ಹಾಡಿನ ನಿಮಿಷ ನೋಡಿ. ಇದು ಲಕ್ಷಗಟ್ಟಲೆ ಮಾರಾಟವಾದ ಪ್ಲೇಟು, ‘ಅಪರೂಪ’ ಎಂಬ ಮಾತಿಗೆ ಹೆಚ್ಚು ದುಡ್ಡು ಕೊಡಬೇಡಿ.

ಎರಡನೇ ಫೋಟೋ ಓರೆ ಬೆಳಕಿನಲ್ಲಿ ತೆಗೆದದ್ದಿರಲಿ. ನೇರ ಬೆಳಕಿನಲ್ಲಿ ಎಲ್ಲ ಪ್ಲೇಟೂ ಹೊಸದರಂತೆ ಹೊಳೆಯುತ್ತವೆ. ಓರೆ ಬೆಳಕಿನಲ್ಲಿ ಗೆರೆಗೆ ಅಡ್ಡ ಬಿದ್ದ ಗೀರು ಕಂಡರೆ ಅದು ಟಕ್ ಟಕ್ ಎನ್ನುತ್ತದೆ, ಹಾಡು ಮಾತ್ರ ನಡೆಯುತ್ತದೆ. ಗೆರೆಯ ಜೊತೆಗೇ ಓಡುವ ಗೀರು ಕೆಟ್ಟದ್ದು, ಸೂಜಿ ಅಲ್ಲೇ ಸಿಕ್ಕಿಕೊಳ್ಳುತ್ತದೆ. ನಡು ತೂತಿನ ಸುತ್ತ ಲೇಬಲ್ಲಿನ ಮೇಲೆ ಬೂದು ಗೆರೆಗಳು ಜಾಸ್ತಿ ಇದ್ದರೆ ನೂರಾರು ಸಲ ಹಚ್ಚಿದ್ದಾರೆ. ಆಗ ಹೊಳಪು ಎಷ್ಟಿದ್ದರೂ ‘ಜೀನಿ’ಯ ಊಷ್ಮಗಳು ಉಳಿದಿರಲಾರವು.

ಒಳಗಿನ ಗೆರೆಯೇ ಯಾಕೆ ಹಾಳಾಗುತ್ತದೆ ಎಂಬುದಕ್ಕೆ ಲೆಕ್ಕವಿದೆ. ಪ್ಲೇಟು ನಿಮಿಷಕ್ಕೆ 33⅓ ಸುತ್ತು ತಿರುಗುತ್ತದೆ. ಹೊರ ಅಂಚಿನಲ್ಲಿ ಸೂಜಿಯ ಕೆಳಗೆ ಸೆಕೆಂಡಿಗೆ ಸುಮಾರು 51 ಸೆಂ.ಮೀ. ಗೆರೆ ಹಾಯುತ್ತದೆ, ಲೇಬಲ್ಲಿನ ಹತ್ತಿರ ಸುಮಾರು 21 ಸೆಂ.ಮೀ. ಮಾತ್ರ. 8,000 ಹರ್ಟ್ಸ್‌ನ, ಎಂದರೆ ಸೆಕೆಂಡಿಗೆ 8,000 ಸಲ ಅದುರುವ, ಒಂದು ‘ಸ’ಕಾರದ ಅಲೆಗೆ ಹೊರಗೆ 64 ಮೈಕ್ರಾನ್ (ಮೈಕ್ರಾನ್ ಎಂದರೆ ಮಿ.ಮೀ.ನ ಸಾವಿರದ ಒಂದು ಭಾಗ) ಜಾಗ ಸಿಕ್ಕರೆ ಒಳಗೆ 26 ಮೈಕ್ರಾನ್. ಗುಂಡು ತುದಿಯ ಅಗ್ಗದ ಸೂಜಿಯ ತ್ರಿಜ್ಯವೇ 15 ಮೈಕ್ರಾನ್‌ಗಿಂತ ಹೆಚ್ಚು. ಅಷ್ಟು ಕಿರಿದಾದ ತಿರುವಿನೊಳಗೆ ಅದು ಇಳಿಯುವುದೇ ಇಲ್ಲ, ಮೇಲೆ ಮೇಲೆ ಉಜ್ಜಿಕೊಂಡು ಹೋಗುತ್ತದೆ. ಅಂಡಾಕಾರದ ತುದಿಯ ಸೂಜಿ ಬದಿಯಲ್ಲಿ ಸುಮಾರು 8 ಮೈಕ್ರಾನ್, ಅದು ಇಳಿಯುತ್ತದೆ. ಈ ಒಂದು ಪ್ಲೇಟಿಗಾಗಿಯಾದರೂ ಅಂಡಾಕಾರದ ಸೂಜಿ ಹಾಕಿಸಿ ಎಂದು ಹೇಳುವುದು ಇದೇ ಕಾರಣಕ್ಕೆ.

ಸೂಟ್‌ಕೇಸಿನಂಥ ಪೆಟ್ಟಿಗೆ ಪ್ಲೇಯರ್‌ಗಳನ್ನು ಇದಕ್ಕೆ ಬಳಸಬೇಡಿ. ಅವುಗಳ ಸೆರಾಮಿಕ್ ಕಾರ್ಟ್ರಿಜ್ (ಸೂಜಿ ಹಿಡಿದಿರುವ ಪುಟ್ಟ ಡಬ್ಬಿ) 5 ಗ್ರಾಂ ಆಸುಪಾಸು ಒತ್ತುತ್ತದೆ. ಒಳಗೆ ಸಣ್ಣ ಅಯಸ್ಕಾಂತ ಅಲುಗುವ ಸಾಮಾನ್ಯ ಮೂವಿಂಗ್ ಮ್ಯಾಗ್ನೆಟ್ ಕಾರ್ಟ್ರಿಜ್‌ಗೆ 1.8ರಿಂದ 2.2 ಗ್ರಾಂ ಸಾಕು. ತಯಾರಕರು ಹೇಳಿದ ಮಿತಿಯ ಮೇಲ್ತುದಿಗೆ ಹತ್ತಿರ ಇಡಿ. ಕಡಿಮೆ ಭಾರ ಪ್ಲೇಟಿಗೆ ಒಳ್ಳೆಯದು ಎಂದು ಬಹಳ ಜನ ನಂಬಿದ್ದಾರೆ, ಅದು ತಪ್ಪು. ಭಾರ ಕಡಿಮೆಯಾದರೆ ಸೂಜಿ ಗೆರೆಯಲ್ಲಿ ಕುಪ್ಪಳಿಸಿ ಗೋಡೆಗೆ ಬಡಿಯುತ್ತದೆ, ಒಂದು ಸಲ ಬಡಿದ ಗೋಡೆ ಮತ್ತೆ ಸರಿಯಾಗುವುದಿಲ್ಲ. ಸೂಜಿ ಹೊತ್ತ ಪ್ಲೇಯರಿನ ಕೈಯ ಮೇಲೆ ಬರೆದ ಭಾರದ ಗೆರೆಗಳನ್ನು ನಂಬದೆ, ಒಂದು ಗ್ರಾಂನ ನೂರನೇ ಭಾಗ ತೋರಿಸುವ ಸಣ್ಣ ಡಿಜಿಟಲ್ ತಕ್ಕಡಿಯಲ್ಲಿ ತೂಗಿ. ಆ ಕೈ ನಡುವಿನತ್ತ ಜಗ್ಗದಂತೆ ತಡೆಯುವ ಆಂಟಿ ಸ್ಕೇಟ್‌ನ ಅಂಕಿಯನ್ನು ಭಾರದ ಅಂಕಿಗೇ ಹೊಂದಿಸಿ ಶುರು ಮಾಡಿ. ಕಾರ್ಟ್ರಿಜ್ ಕೂರಿಸುವಾಗ ಅಳತೆಯ ಕಾಗದದ ಎರಡು ಚುಕ್ಕೆಗಳಲ್ಲಿ, ಎಂದರೆ ನಡುಗೂಟದಿಂದ 66 ಮತ್ತು 120.9 ಮಿ.ಮೀ. ದೂರದಲ್ಲಿ, ಅದು ಗೆರೆಗೆ ನೇರ ನಿಲ್ಲಬೇಕು. ಒಳಗಿನ ಚುಕ್ಕೆ ‘ಜೀನಿ’ಯ ಹರವಿಗೆ ಹತ್ತಿರ ಬೀಳುವುದರಿಂದ ಸಮಯವೆಲ್ಲ ಅದಕ್ಕೇ ಕೊಡಿ.

ಊರಲ್ಲಿ ಹೆಚ್ಚು ಕಾಣುವ ಇನ್ನೊಂದು ತಪ್ಪು ಪ್ಲೇಯರಿನ ವೈರನ್ನು ಆಂಪ್ಲಿಫೈಯರಿನ ಆಕ್ಸ್ ಎಂಬ ಸಾಮಾನ್ಯ ತೂತಿಗೆ ನೇರ ಚುಚ್ಚುವುದು. ದನಿ ಸಣ್ಣಗೆ, ಡಬ್ಬಿಯೊಳಗಿಂದ ಬಂದಂತೆ ಬರುತ್ತದೆ, ಬೇಸ್ ಇರುವುದೇ ಇಲ್ಲ. ಪ್ಲೇಟು ಕೊರೆಯುವಾಗ ಗೆರೆ ಅಗಲವಾಗದಿರಲೆಂದು ಬೇಸ್ ತಗ್ಗಿಸಿ, ಸರಸರ ಸದ್ದು ಮುಚ್ಚಲೆಂದು ಮೇಲಿನ ಸ್ವರ ಏರಿಸಿರುತ್ತಾರೆ. ಅದನ್ನು ಮರಳಿ ಸಮ ಮಾಡುವುದು ಫೋನೋ ಪ್ರೀ-ಆಂಪ್. 1,000 ಹರ್ಟ್ಸ್‌ಗೆ ಹೋಲಿಸಿದರೆ 20 ಹರ್ಟ್ಸ್‌ನಲ್ಲಿ ಅದು 19 ಡೆಸಿಬೆಲ್‌ಗೂ ಹೆಚ್ಚು ಎತ್ತುತ್ತದೆ. ಈಗಿನ ಹೋಮ್ ಥಿಯೇಟರ್, ಡಿಜೆ ಆಂಪ್ಲಿಫೈಯರ್‌ಗಳಲ್ಲಿ ಫೋನೋ ಎಂಬ ತೂತು ಬಹುತೇಕ ಇರುವುದಿಲ್ಲ. ಬೇರೆ ಡಬ್ಬಿ ಕೊಂಡು ನಡುವೆ ಹಾಕಿ, ಪ್ಲೇಯರಿನ ಅರ್ತ್ ವೈರನ್ನು ಅದರ ತಿರುಪಿಗೆ ಬಿಗಿದುಕೊಳ್ಳಿ. ಬಿಟ್ಟರೆ 50 ಹರ್ಟ್ಸ್‌ನ ಗುಂಯ್ ಸದ್ದು ಹಾಡಿನುದ್ದಕ್ಕೂ ಕೂತಿರುತ್ತದೆ. ಬೇಸ್ ನುಡಿಸುತ್ತಿದ್ದವನ ಪ್ಲೇಟನ್ನು ಬೇಸ್ ಇಲ್ಲದೆ ಕೇಳಿ ಚೆನ್ನಾಗಿಲ್ಲ ಎಂದರೆ ಅವನ ತಪ್ಪೇನು?

ಪ್ಲೇಯರ್ ಕೂರಿಸಲು ಕಲಬುರಗಿಯಷ್ಟು ಅನುಕೂಲ ಬೇರೆಲ್ಲೂ ಇಲ್ಲ. ಒಂದೂವರೆ ಅಡಿ ಉದ್ದ, ಒಂದೂಕಾಲು ಅಡಿ ಅಗಲ, ಒಂದಿಂಚು ದಪ್ಪದ ಶಹಾಬಾದ ಫರಸಿ ಕಲ್ಲಿನ ತುಂಡು ಸುಮಾರು 12 ಕಿಲೋ ತೂಗುತ್ತದೆ. ಟೇಬಲ್ ಮೇಲೆ ದಪ್ಪ ರಬ್ಬರಿನ ನಾಲ್ಕು ತುಂಡು, ಅದರ ಮೇಲೆ ಫರಸಿ, ಅದರ ಮೇಲೆ ಪ್ಲೇಯರ್. ಸ್ಪೀಕರಿನ ನಡುಕ ಸೂಜಿಗೆ ಏರುವುದು ಬಹಳಷ್ಟು ನಿಲ್ಲುತ್ತದೆ. ಅಂಚು ಉಜ್ಜಿಸಿಕೊಳ್ಳಿ, ಮಟ್ಟಗೋಲು ಹಿಡಿದು ಎರಡೂ ದಿಕ್ಕಿಗೆ ಮಟ್ಟ ನೋಡಿ. ಫರಸಿ ಮಟ್ಟವಾದ ಮಾತ್ರಕ್ಕೆ ತಿರುಗುವ ತಟ್ಟೆ ಮಟ್ಟವಾಗಿರುತ್ತದೆ ಎಂದಿಲ್ಲ, ಮಟ್ಟಗೋಲನ್ನು ತಟ್ಟೆಯ ಮೇಲೂ ಇಟ್ಟು ನೋಡಬೇಕು.

ಬೇಸಿಗೆ ಇಲ್ಲಿಯ ನಿಜವಾದ ಶತ್ರು. ಏಪ್ರಿಲ್, ಮೇ ತಿಂಗಳಲ್ಲಿ ಹೊರಗೆ 42 ಡಿಗ್ರಿ ಮುಟ್ಟಿದಾಗ ಮನೆಯೊಳಗಿನ ಪ್ಲೇಟಿಗೆ ಏನೂ ಆಗುವುದಿಲ್ಲ. ವಿನೈಲ್ ಮೆತ್ತಗಾಗಲು 60 ಡಿಗ್ರಿ ಆಸುಪಾಸು ಬೇಕು. ಬಿಸಿಲಲ್ಲಿ ನಿಂತ ಕಾರು, ತಗಡಿನ ಶೆಡ್ಡು, ಮಾಳಿಗೆಯ ಮೇಲಿನ ಕೋಣೆಯ ಅಟ್ಟ ಆ ಮಟ್ಟಕ್ಕೆ ಹೋಗಬಲ್ಲವು. ಸೇಡಂ ರಸ್ತೆಯಲ್ಲಿ ಚಹಾ ಕುಡಿಯಲು ನಿಲ್ಲಿಸಿದ ಕಾರಿನ ಹಿಂದಿನ ಗಾಜಿನ ಕೆಳಗಿದ್ದ ಪ್ಲೇಟು ಅರ್ಧ ಗಂಟೆಯಲ್ಲಿ ಹಪ್ಪಳದಂತೆ ಅಲೆಯಾದರೆ ಆಶ್ಚರ್ಯವಿಲ್ಲ. ಪ್ಲೇಟನ್ನು ನೆಲಮಹಡಿಯಲ್ಲಿ, ಒಳಗೋಡೆಗೆ ತಾಗಿದ ಕಪಾಟಿನ ಕೆಳಗಿನ ಖಾನೆಯಲ್ಲಿ, ಪುಸ್ತಕದಂತೆ ನೆಟ್ಟಗೆ ನಿಲ್ಲಿಸಿ. ಒರಗಿಸಿದರೂ ತಿಂಗಳುಗಟ್ಟಲೆಯ ಸೆಕೆಗೆ ಬಾಗುತ್ತದೆ. ಒಂದರ ಮೇಲೊಂದು ಪೇರಿಸಿದರೆ ಕೆಳಗಿನದರ ಕವರಿನ ಮೇಲೆ ಉಂಗುರದ ಗುರುತು ಬೀಳುತ್ತದೆ. ತರಿಸುವುದಿದ್ದರೆ ನವೆಂಬರಿನಿಂದ ಫೆಬ್ರವರಿಯೊಳಗೆ ತರಿಸಿ. ಪ್ಲೇಟನ್ನು ಹೊರ ಕವರಿನಿಂದ ಬೇರೆ ತೆಗೆದು ಎರಡೂ ಕಡೆ ಗಟ್ಟಿ ರಟ್ಟು ಇಟ್ಟು ಕಟ್ಟಲು ಹೇಳಿ, ಇಲ್ಲದಿದ್ದರೆ ದಾರಿಯ ಏಟಿಗೆ ಪ್ಲೇಟಿನ ಅಂಚೇ ಕವರಿನ ಹೊಲಿಗೆ ಸೀಳುತ್ತದೆ.

ಕೂಲರ್ ಬಗ್ಗೆ ಯಾರೂ ಹೇಳುವುದಿಲ್ಲ. ಕೂಲರಿನ ಗಾಳಿ ನೇರ ಬರುವ ಜಾಗದಲ್ಲಿ ಪ್ಲೇಯರ್ ಇಟ್ಟರೆ ಕಣ್ಣಿಗೆ ಕಾಣದ ಹನಿಗಳು ಪ್ಲೇಟಿನ ಮೇಲೆ ಕೂರುತ್ತವೆ. ಬೋರಿನ ನೀರಾದ್ದರಿಂದ ಹನಿ ಆರಿದ ಮೇಲೆ ಉಪ್ಪು ಗೆರೆಯೊಳಗೆ ಉಳಿಯುತ್ತದೆ. ಅದೇ ಕಾರಣಕ್ಕೆ ಪ್ಲೇಟನ್ನು ನಲ್ಲಿ ನೀರಲ್ಲಿ ತೊಳೆಯಕೂಡದು. ಬ್ಯಾಟರಿಗೆ ಹಾಕುವ ಡಿಸ್ಟಿಲ್ಡ್ ನೀರು 800 ಮಿ.ಲೀ., ಐಸೊಪ್ರೊಪೈಲ್ ಆಲ್ಕೊಹಾಲ್ 200 ಮಿ.ಲೀ., ಪಾತ್ರೆ ತೊಳೆಯುವ ದ್ರವ ನಾಲ್ಕು ಹನಿ. ಲೇಬಲ್ಲಿಗೆ ತಾಗದಂತೆ ಸವರಿ, ಮೆತ್ತನೆಯ ಬ್ರಷ್‌ನಿಂದ ಗೆರೆಯ ದಿಕ್ಕಿನಲ್ಲೇ ನಾಲ್ಕೈದು ಸುತ್ತು ಒಯ್ದು, ಬರೀ ಡಿಸ್ಟಿಲ್ಡ್ ನೀರಿನಲ್ಲಿ ಇನ್ನೊಂದು ಸಲ ಸವರಿ ತೆಗೆಯಿರಿ. ಈ ಎರಡನೇ ಸುತ್ತು ಬಿಟ್ಟರೆ ಸೋಪು ಗೆರೆಯಲ್ಲೇ ಒಣಗಿ ಸೂಜಿಯ ತುದಿಗೆ ಬೂದು ಮೇಣದಂತೆ ಹತ್ತುತ್ತದೆ. ಅಜ್ಜನ ಕಾಲದ 78 ಸುತ್ತಿನ ಅರಗಿನ ಪ್ಲೇಟಿಗೆ ಈ ದ್ರಾವಣ ಮುಟ್ಟಿಸಬೇಡಿ, ಆಲ್ಕೊಹಾಲ್ ಅರಗನ್ನು ಕರಗಿಸುತ್ತದೆ.

ತೊಗರಿ ರಾಶಿಯ ದಿನಗಳಲ್ಲಿ ಗಂಜ್ ಮಾರುಕಟ್ಟೆಯ ಸುತ್ತಮುತ್ತ ಏಳುವ ಹೊಟ್ಟಿನ ಧೂಳು, ಎರೆ ಮಣ್ಣಿನ ಧೂಳು ಎರಡೂ ಮನೆ ಹೊಕ್ಕುತ್ತವೆ. ಚಳಿಗಾಲದ ಒಣ ಗಾಳಿಗೆ ಪ್ಲೇಟು ವಿದ್ಯುತ್ ಹಿಡಿದು ಅದನ್ನೆಲ್ಲ ಎಳೆದುಕೊಳ್ಳುತ್ತದೆ. ಪ್ರತಿ ಸಲ ಹಚ್ಚುವ ಮುಂಚೆ ಕಾರ್ಬನ್ ಎಳೆಯ ಬ್ರಷ್ ಎರಡು ಸುತ್ತು ಸವರಿ. ಅಂಗಿಯ ತುದಿಯಿಂದ ಒರೆಸಿದರೆ ಧೂಳು ಹೋಗುವ ಬದಲು ಗೀರು ಬರುತ್ತದೆ.

ವೇಗವನ್ನೂ ನೋಡಿಕೊಳ್ಳಿ. ಸೆಕೆಗೆ ರಬ್ಬರ್ ಬೆಲ್ಟು ಗಡುಸಾಗಿ ಜಾರುತ್ತದೆ, ಶ್ರುತಿ ಇಳಿಯುತ್ತದೆ. ನಮ್ಮ 50 ಹರ್ಟ್ಸ್ ಕರೆಂಟಿಗೆ ತಟ್ಟೆಯ ಮೇಲಿಟ್ಟು ವೇಗ ನೋಡುವ 180 ಗೆರೆಯ ಸ್ಟ್ರೋಬ್ ಕಾಗದ ಬೇಕು. ಹಳೆಯ ತಂತಿ ಬಲ್ಬು ಅಥವಾ ನಿಯಾನ್ ದೀಪದ ಕೆಳಗೆ ಗೆರೆಗಳು ನಿಂತಂತೆ ಕಂಡರೆ ವೇಗ ಸರಿ. ಬಹಳಷ್ಟು ಎಲ್‌ಇಡಿ ಬಲ್ಬುಗಳು ಮಿನುಗದೆ ಉರಿಯುವುದರಿಂದ ಅವುಗಳಡಿ ಈ ಪರೀಕ್ಷೆ ನಡೆಯುವುದಿಲ್ಲ. ಗೆರೆಗಳು ಹಿಂದಕ್ಕೆ ಸರಿಯುತ್ತಿದ್ದರೆ ಬೆಲ್ಟು ಬದಲಿಸಿ, ಮೋಟಾರಿನ ತಿರುಪು ತಿರುವಬೇಡಿ.

ಇದೊಂದು ಹಿಡಿಸಿದವರು ಮುಂದೆ ಕೊಳ್ಳಬೇಕಾದದ್ದು ‘ಐನ್ಸೆಲ್‌ಹಾಫ್ಟ್’, ಆಮೇಲೆ ‘ಯುಂಗೆ ರೋಮರ್’. ಮಾರಾಟದಲ್ಲಿ ಸೋತದ್ದೆಂದು ‘ಯುಂಗೆ ರೋಮರ್’ ಅನ್ನು ಬದಿಗಿಡಬೇಡಿ, ಫಾಲ್ಕೋನ ಅತ್ಯಂತ ಸಂಯಮದ ಗಾಯನ ಅದರಲ್ಲಿದೆ. 1986ರ ‘ಇಮೋಷನಲ್’ ಅದೇ ಬೊಲ್ಲಂಡರದು. ಅದರಲ್ಲಿ ‘ಜೀನಿ’ಯ ಮುಂದಿನ ಭಾಗ ಇದೆ, ಜರ್ಮನಿಯಲ್ಲಿ ಅದೂ ಒಂದನೇ ಸ್ಥಾನಕ್ಕೇರಿತು, ಆದರೆ ಮೊದಲಿನ ನಡುಕ ಅದರಲ್ಲಿಲ್ಲ. 1988ರ ‘ವೀನರ್ ಬ್ಲುಟ್’, 1990ರ ‘ಡೇಟಾ ಡಿ ಗ್ರೂವ್’ ಹೊತ್ತಿಗೆ ಅಮೆರಿಕ ಕೈಬಿಟ್ಟಾಗಿತ್ತು. ಕುಡಿತ, ಕೊಕೇನ್ ಎರಡೂ ಹಿಡಿದಿದ್ದವು. ಆದರೂ ವೇದಿಕೆ ಕೈಬಿಟ್ಟಿರಲಿಲ್ಲ: 1993ರ ಜೂನ್ 27ರಂದು ವಿಯೆನ್ನಾದ ದಾನ್ಯೂಬ್ ದ್ವೀಪದ ಉತ್ಸವದಲ್ಲಿ ಸುರಿಯುವ ಮಳೆ, ಸಿಡಿಲಿನ ನಡುವೆ ಹಾಡಿದ್ದರ ಧ್ವನಿಮುದ್ರಣ ಸಿಗುತ್ತದೆ. ಸ್ಟುಡಿಯೋದ ನಯಗಾರಿಕೆ ಇಲ್ಲದೆ ಆ ವ್ಯಂಜನಗಳು ಹೇಗೆ ಕೇಳುತ್ತವೆ ಎಂದು ತಿಳಿಯಲು ಅದು ಬೇಕೇ ಬೇಕು.

ತೊಂಬತ್ತರ ದಶಕದ ನಡುವಿನಲ್ಲಿ ಆತ ಡೊಮಿನಿಕನ್ ಗಣರಾಜ್ಯಕ್ಕೆ ಹೋಗಿ ನೆಲೆಸಿದ. 1998ರ ಫೆಬ್ರವರಿ 6ರಂದು ಪ್ಯೂರ್ಟೊ ಪ್ಲಾಟಾ ಹತ್ತಿರ, ಆತನೇ ಓಡಿಸುತ್ತಿದ್ದ ಮಿತ್ಸುಬಿಷಿ ಪಜೆರೋ ಮುಖ್ಯ ರಸ್ತೆಗೆ ಬರುವಾಗ ಬಸ್ಸೊಂದು ಬಂದು ಗುದ್ದಿತು. ರಕ್ತದಲ್ಲಿ ಮದ್ಯವೂ ಕೊಕೇನೂ ಇದ್ದದ್ದು ಪರೀಕ್ಷೆಯಲ್ಲಿ ಗೊತ್ತಾಯಿತು. 41 ತುಂಬಲು ಎರಡು ವಾರವೂ ಇರಲಿಲ್ಲ. ವಿಯೆನ್ನಾದ ಕೇಂದ್ರ ಸ್ಮಶಾನದಲ್ಲಿ ಮಣ್ಣು ಮಾಡಿದರು. ಹೆಣದ ಪೆಟ್ಟಿಗೆಗೆ ಹೆಗಲು ಕೊಟ್ಟವರು ‘ರಾಕ್ ಮಿ ಅಮೆಡಿಯಸ್’ ವಿಡಿಯೋದಲ್ಲಿ ಕಾಣಿಸಿಕೊಂಡಿದ್ದ ಬೈಕ್ ತಂಡದವರು. ಸಮಾಧಿಯ ಮೇಲೆ ಒಡೆದ ಸಿಡಿಯ ಆಕಾರದಲ್ಲಿ ಗಾಜಿನ ಹಲಗೆ ನಿಲ್ಲಿಸಿದ್ದಾರೆ.

ತೀರಿಕೊಂಡ ಮೂರು ವಾರಕ್ಕೆ, ಫೆಬ್ರವರಿ 27ರಂದು, ‘ಔಟ್ ಆಫ್ ದಿ ಡಾರ್ಕ್’ ಆಲ್ಬಂ ಬಂತು. ಅದೇ ಹೆಸರಿನ ಹಾಡಿನಲ್ಲಿ ಸಾವಿನ ಮಾತು ಇರುವುದರಿಂದ ಮೊದಲೇ ಗೊತ್ತಿತ್ತು ಎಂದು ಜನ ಆಡಿಕೊಂಡರು. ಹಾಡು ಅಪಘಾತಕ್ಕೆ ಮುಂಚೆಯೇ ಸಿದ್ಧವಾಗಿದ್ದದ್ದು, ಅದರಲ್ಲಿ ಕೇಳುವುದು ಚಟದ ಕತ್ತಲು. ಇಲ್ಲಿ ದನಿ ಕೆಳಗಿಳಿದಿದೆ, ವೇಗ ತಗ್ಗಿದೆ, ಊಷ್ಮಗಳ ಹರಿತ ಮಾತ್ರ ಹಾಗೇ ಇದೆ. ಇದನ್ನು ಆ ಕಾಲದ ಸಿಡಿಯಲ್ಲೇ ಕೊಳ್ಳಿ, ಒಳಗೆರೆಯ ತಾಪತ್ರಯ ಇರುವುದಿಲ್ಲ. ಕೊಳ್ಳುವಾಗ ಹೊಳಪಿನ ಬದಿ ನೋಡಿದರಷ್ಟೇ ಸಾಲದು. ಲೇಬಲ್ ಬದಿ ನಿಮ್ಮ ಕಡೆ ಮಾಡಿ ಬಲ್ಬಿಗೆ ಅಡ್ಡ ಹಿಡಿಯಿರಿ. ಸೂಜಿ ಚುಚ್ಚಿದಂತೆ ಬೆಳಕಿನ ಚುಕ್ಕೆಗಳು ಕಂಡರೆ ಅಲ್ಲಿ ಅಲ್ಯೂಮಿನಿಯಂ ಪದರ ಕಿತ್ತಿದೆ, ಅದನ್ನು ಯಾವ ಪಾಲಿಶ್ ಕೂಡ ಮರಳಿ ತರುವುದಿಲ್ಲ. ಧೂಳು ಒರೆಸುವುದು ನಡುವಿನಿಂದ ಅಂಚಿಗೆ ನೇರವಾಗಿ, ಎಲ್‌ಪಿಯಂತೆ ಸುತ್ತಲೂ ಅಲ್ಲ.